ಕಥಾಗತಿಯನ್ನು ತಿರುಗಿಸುವ ಯಂತ್ರ: ಉದಯನಕಥೆ ಮತ್ತು ಪಂಚತಂತ್ರದ ನಿದರ್ಶನಗಳು

ನಮ್ಮ ಪ್ರಾಚೀನ ಕಥಾಸಾಹಿತ್ಯದಲ್ಲಿ ಕಥೆಯ ನಡೆಯನ್ನು ಹಠಾತ್ತನೆ ತಿರುಗಿಸುವ ಸಾಧನಗಳನ್ನು ವಿಚಾರಮಾಡಹೊರಟವರು ಶಾಪ, ವರ, ಆಕಾಶವಾಣಿ, ಅಭಿಜ್ಞಾನ ಇವುಗಳನ್ನು ಹೇಳಿ ಅಲ್ಲಿಗೆ ನಿಲ್ಲುವುದೇ ವಾಡಿಕೆ. ಇವುಗಳ ಪಂಕ್ತಿಯಲ್ಲಿಯೇ ಎಣಿಸತಕ್ಕ, ಆದರೆ ಉತ್ಪತ್ತಿಯಿಂದ ತೀರ ಭಿನ್ನವಾದ ಇನ್ನೊಂದು ಸಾಧನವುಂಟು. ಅದು ಕವಿಕಲ್ಪಿತವಾದ ಯಂತ್ರ. ಶಾಪವರಗಳು ತಪಸ್ಸಿನಿಂದಲೋ ದೈವಸಂಕಲ್ಪದಿಂದಲೋ ಬರತಕ್ಕವು. ಯಂತ್ರವಾದರೋ ಬಡಗಿಯ ಉಳಿಯಿಂದಲೂ ರಾಜನ ಉಪಾಯದಿಂದಲೂ ಹುಟ್ಟುವುದು. ಇಂಥ ಯಂತ್ರವು ಕಥೆಯನ್ನು ತಿರುಗಿಸುವುದು ನಿಜವಾದರೂ, ಯಾರ ಕಥೆಯನ್ನು ತಿರುಗಿಸಬೇಕೋ ಅವರ ಶೀಲದಲ್ಲಿ ಹಿಡಿ ಸಿಕ್ಕಿದ ಹೊರತು ಅದು ತಿರುಗಿಸಲಾರದು ಎಂಬುದೇ ಈ ಲೇಖನದ ಪ್ರತಿಪಾದ್ಯ.

ಪ್ರಾಚೀನ ಭಾರತದ ಯಂತ್ರಗಳನ್ನು ಕುರಿತ ವಿ. ರಾಘವನ್ ಅವರ ಪ್ರಬಂಧವು 1952ರಲ್ಲಿ ಬೆಂಗಳೂರಿನಲ್ಲಿಯೇ ಪ್ರಕಟವಾಯಿತು. ಭೋಜರಾಜನ 'ಸಮರಾಂಗಣಸೂತ್ರಧಾರ'ದ ಯಂತ್ರವಿಧಾನವೂ ವಿದ್ವಾಂಸರಿಗೆ ಪರಿಚಿತವಾದುದೇ. ದಾರುಮಯ ವಿಹಂಗವೇ ಮೊದಲಾದುವನ್ನು ಹೇಳುವ ಆ ಭಾಗದಲ್ಲಿ ಭೋಜನು ಯಂತ್ರಗಳ ಘಟನೆಯನ್ನು ವಿವರಿಸದೆ ಬಿಟ್ಟುದು ಅಜ್ಞಾನದಿಂದಲ್ಲ, ಗೋಪ್ಯಕ್ಕಾಗಿ ಎಂದು ತಾನೇ ತಿಳಿಸಿರುವನು. ಆದರೆ ಅಂಥ ಯಂತ್ರಗಳು ವಾಸ್ತವವಾಗಿ ಇದ್ದುವೇ ಎಂಬ ಪ್ರಶ್ನೆ ಶಿಲ್ಪಶಾಸ್ತ್ರದ್ದು. ಕಥೆಯೊಳಗೆ ಅವು ಯಾವ ಕಾರ್ಯವನ್ನು ನಿರ್ವಹಿಸುವುವು ಎಂಬುದು ಕಾವ್ಯವಿಚಾರದ್ದು. ಇಲ್ಲಿ ಎರಡನೆಯದೇ ಪ್ರಸ್ತುತ.

ಮೊದಲ ನಿದರ್ಶನ ವತ್ಸರಾಜ ಉದಯನನದು. ಉಜ್ಜಯಿನಿಯ ಪ್ರದ್ಯೋತ ಮಹಾಸೇನನು ಕೃತಕವಾದ ಆನೆಯೊಂದನ್ನು ಮಾಡಿಸಿ, ಅದರೊಳಗೆ ಭಟರನ್ನು ಅಡಗಿಸಿ, ವನದಲ್ಲಿ ನಿಲ್ಲಿಸಲು, ವೀಣೆಯ ನಾದದಿಂದ ಆನೆಗಳನ್ನು ವಶಪಡಿಸಿಕೊಳ್ಳಬಲ್ಲ ಉದಯನನು ಅದನ್ನು ಹಿಡಿಯಹೋಗಿ ತಾನೇ ಸೆರೆಯಾದನು. ಭಾಸನ 'ಪ್ರತಿಜ್ಞಾಯೌಗಂಧರಾಯಣ' ಈ ಸೆರೆಯ ವಾರ್ತೆಯಿಂದಲೇ ಬೆಳೆಯುವುದು. ಸೋಮದೇವನ 'ಕಥಾಸರಿತ್ಸಾಗರ' ಇದನ್ನು ಯಂತ್ರಗಜವೆಂದೇ ಕರೆಯುವುದು. ಧಮ್ಮಪದದ ಪಾಳಿ ಅಟ್ಠಕಥೆಯಂತೂ ಆ ಮರದ ಆನೆಯ ಹೊಟ್ಟೆಯೊಳಗೆ ಅರವತ್ತು ಮಂದಿ ಓಡಾಡುತ್ತಿದ್ದರೆಂದೂ, ನಂಬಿಕೆ ಬರಲೆಂದು ಆಗಾಗ ಆನೆಯ ಲದ್ದಿಯನ್ನು ಹೊರಕ್ಕೆ ಸುರಿಯುತ್ತಿದ್ದರೆಂದೂ ವಿವರವಾಗಿ ಹೇಳುವುದು. ಗಂಗರಾಜ ದುರ್ವಿನೀತನು ಸಂಸ್ಕೃತಕ್ಕೆ ತಂದನೆಂದು ಶಾಸನಗಳು ಹೇಳುವ ವಡ್ಡಕಥೆಯೂ ಗುಣಾಢ್ಯನ ಇದೇ ಕಥಾಪರಂಪರೆಗೆ ಸೇರಿದುದಾದ್ದರಿಂದ, ಈ ವಿಚಾರ ಕನ್ನಡನಾಡಿಗೆ ಹೊರಗಿನದೇನೂ ಅಲ್ಲ.

ಈ ಯಂತ್ರದ ಮೇಲೆ ಆಕ್ಷೇಪವನ್ನೆತ್ತಿದವನು ಆಲಂಕಾರಿಕನಾದ ಭಾಮಹ. ಸಜೀವವಾದ ಕಾಡಾನೆಗೂ ಚರ್ಮದಿಂದ ಮಾಡಿದ ಆನೆಗೂ ಇರುವ ಭೇದವನ್ನು ಬಾಲಕನೂ ಅರಿಯಬಲ್ಲನಾಗಿರುವಾಗ, ಗಜವಿದ್ಯಾಕೋವಿದನಾದ ಅರಸನು ಮೋಸಹೋದನೆಂಬುದು ಯುಕ್ತಿವಿರುದ್ಧವೆಂಬುದು 'ಕಾವ್ಯಾಲಂಕಾರ'ದಲ್ಲಿ ಅವನ ವಾದದ ಸಾರ. ಆಕ್ಷೇಪ ಪ್ರಬಲವಾದುದು, ಆದರೆ ಅದು ಯಂತ್ರದ ನೈಪುಣ್ಯವನ್ನು ಮಾತ್ರ ಅಳೆಯುವುದಲ್ಲದೆ ರಾಜನ ಅಂತಃಕರಣವನ್ನು ಲೆಕ್ಕಕ್ಕೆ ತರುವುದಿಲ್ಲ. 1909ರಲ್ಲಿ ಮೈಸೂರಿನಿಂದ ಆರ್. ಶಾಮಶಾಸ್ತ್ರಿಗಳು ಪ್ರಕಟಿಸಿದ ಕೌಟಿಲ್ಯನ 'ಅರ್ಥಶಾಸ್ತ್ರ'ವು ಮೃಗಯೆಯನ್ನು ರಾಜವ್ಯಸನಗಳಲ್ಲಿ ಎಣಿಸಿದೆ. ವ್ಯಸನಿಯಾದವನು ತನ್ನ ವಿಷಯವನ್ನು ಚೆನ್ನಾಗಿ ಬಲ್ಲವನಾದರೂ, ಅಪೇಕ್ಷಿಸಿದ ವಸ್ತು ಕಣ್ಣೆದುರು ನಿಂತೊಡನೆ ಪರೀಕ್ಷೆಯನ್ನು ಮರೆಯುವನು. ಉದಯನನನ್ನು ಸೆರೆಹಿಡಿದುದು ಅವನ ಗಜಪ್ರೀತಿಯೇ ಹೊರತು ಮರವೂ ಚರ್ಮವೂ ಅಲ್ಲ. ಅವನ ಬಿಡುಗಡೆಯೂ ಇದೇ ಶೀಲದಿಂದಲೇ ಆಗುವುದೆಂಬುದನ್ನು ಗಮನಿಸಬೇಕು: ಸೆರೆಗೆ ಕಾರಣವಾದುದು ಕೃತಕಗಜ, ಪ್ರದ್ಯೋತನ ಮಗಳಾದ ವಾಸವದತ್ತೆಯೊಡನೆ ಅವನನ್ನು ಪಾರುಮಾಡಿದುದು ಭದ್ರವತಿಯೆಂಬ ಜೀವಂತವಾದ ಹೆಣ್ಣಾನೆ.

ಯವನರ ರಂಗಭೂಮಿಯಲ್ಲಿಯೂ ಕಥೆಯನ್ನು ತಿರುಗಿಸುವ ಯಂತ್ರವೊಂದಿತ್ತು. ಹಗ್ಗ ರಾಟೆಗಳಿಂದ ನಟನನ್ನು ಮೇಲೆತ್ತಿ ದೇವತೆಯಾಗಿ ತೋರಿಸುತ್ತಿದ್ದ ಆ ಮರದ ತೊಲೆ ಕಲ್ಪಿತವಲ್ಲ, ವಾಸ್ತವವಾದುದು. ಯೂರಿಪಿಡೀಸನ ಕ್ರಿ.ಪೂ. 408ರ 'ಒರೆಸ್ಟಿಸ್' ನಾಟಕದಲ್ಲಿ ಕೊಲೆಯ ಅಂಚಿಗೆ ಬಂದ ಕಥೆಯನ್ನು ಅಪೋಲೋ ದೇವತೆ ಬಂದು ಸರಿಪಡಿಸುವನು. ಕಥೆಯ ಬಿಡುಗಡೆ ಕಥೆಯೊಳಗಿನಿಂದಲೇ ಬರಬೇಕು, ಯಂತ್ರದಿಂದಲ್ಲ ಎಂದು ಅರಿಸ್ಟಾಟಲನು ಕ್ರಿ.ಪೂ. 431ರ 'ಮೀಡಿಯಾ' ನಾಟಕವನ್ನು ಉದಾಹರಿಸಿಯೇ ವಿಧಿಸಿದನು. ಭಾಮಹನೂ ಅರಿಸ್ಟಾಟಲನೂ ಪರಸ್ಪರ ಅರಿಯದವರಾದರೂ ಕೇಳಿದ ಪ್ರಶ್ನೆ ಒಂದೇ: ಈ ತಿರುವಿಗೆ ಕಥೆಯೊಳಗೆ ಕಾರಣವಿದೆಯೇ?

ಈ ಪ್ರಶ್ನೆಗೆ ಅತ್ಯಂತ ಸುಂದರವಾದ ಉತ್ತರ 1199ರಲ್ಲಿ ಪೂರ್ಣಭದ್ರನು ಸಂಕಲಿಸಿದ 'ಪಂಚತಂತ್ರ'ದ ನೇಕಾರನ ಕಥೆಯಲ್ಲಿ ದೊರೆಯುವುದು. ರಾಜಪುತ್ರಿಯಲ್ಲಿ ಅನುರಕ್ತನಾದ ನೇಕಾರನಿಗೆ ಅವನ ಮಿತ್ರನಾದ ಬಡಗಿಯು ಮರದ ಗರುಡವೊಂದನ್ನು ಮಾಡಿಕೊಡುವನು; ಅದನ್ನೇರಿ ವಿಷ್ಣುವೇಷದಿಂದ ಅವನು ಅಂತಃಪುರವನ್ನು ಪ್ರವೇಶಿಸುವನು; ವಿಷ್ಣುವೇ ಅಳಿಯನಾದನೆಂದು ಮದವೇರಿದ ರಾಜನು ನೆರೆಯ ಅರಸರನ್ನು ಕೆಣಕುವನು. ವೈರಿಗಳು ಪಟ್ಟಣವನ್ನು ಮುತ್ತಿದಾಗ ಓಡಿಹೋಗಬಹುದಾಗಿದ್ದ ನೇಕಾರನು ಓಡದೆ, ಸಾಯುವೆನೆಂದು ನಿಶ್ಚಯಿಸಿಯೇ ಯುದ್ಧಕ್ಕೆ ಹೊರಡುವನು. ಆಗ ತನ್ನ ಹೆಸರಿಗೆ ಅಪಕೀರ್ತಿ ಬಾರದಿರಲೆಂದು ಸಾಕ್ಷಾತ್ ವಿಷ್ಣುವೇ ಅವನ ಶರೀರವನ್ನೂ, ಗರುಡನು ಆ ಮರದ ಪಕ್ಷಿಯನ್ನೂ ಪ್ರವೇಶಿಸುವರು. ಅಥೆನ್ಸಿನ ರಂಗದಲ್ಲಿ ಯಂತ್ರವು ದೇವತೆಯನ್ನು ಕಥೆಯೊಳಕ್ಕೆ ತರುವುದು. ಇಲ್ಲಿ ಮನುಷ್ಯನ ಧೈರ್ಯವು ದೇವತೆಯನ್ನು ಯಂತ್ರದೊಳಕ್ಕೆ ಕರೆಯುವುದು. ನೇಕಾರನು ಓಡಿಹೋಗಿದ್ದರೆ ಆ ಗರುಡ ಬರಿಯ ಮರವಾಗಿಯೇ ಉಳಿಯುತ್ತಿತ್ತು.

'ಕಥಾಸರಿತ್ಸಾಗರ'ದ ಪ್ರಾಣಧರನ ವೃತ್ತಾಂತವೂ ಇದನ್ನೇ ವಿಪರೀತಮುಖವಾಗಿ ಸಮರ್ಥಿಸುವುದು. ಸಹೋದರರಾದ ಪ್ರಾಣಧರ ರಾಜ್ಯಧರರಿಬ್ಬರೂ ಯಂತ್ರವಿದ್ಯೆಯನ್ನು ಬಲ್ಲ ಬಡಗಿಗಳು. ಪ್ರಾಣಧರನು ಯಂತ್ರಹಂಸಗಳಿಂದ ರಾಜಕೋಶದ ಆಭರಣಗಳನ್ನು ಕದಿಸಿ, ಗುಟ್ಟು ರಟ್ಟಾಗಲು ಆಕಾಶಯಾನವನ್ನೇರಿ ದೇಶತ್ಯಾಗ ಮಾಡಬೇಕಾಯಿತು. ಅದೇ ವಿದ್ಯೆಯಿಂದ ರಾಜ್ಯಧರನು ನಿರ್ಜನವಾದ ಪಟ್ಟಣವೊಂದನ್ನು ಚಲಿಸುವ ಮರದ ಗೊಂಬೆಗಳಿಂದ ತುಂಬಿ, ಅಲ್ಲಿಗೆ ಬಂದ ಉದಯನಪುತ್ರ ನರವಾಹನದತ್ತನಿಗೆ ಆತಿಥ್ಯವನ್ನಿತ್ತನು. ವಿದ್ಯೆ ಒಂದೇ ಆಗಿರಲು ಕಥೆಗಳು ಎರಡಾದುದು ಕರ್ತೃಗಳ ಮನೋಧರ್ಮದಿಂದ.

ಆದುದರಿಂದ ಯಂತ್ರವು ಬಂದ ಕಡೆಯಲ್ಲೆಲ್ಲ ಅದನ್ನು ಅದ್ಭುತರಸದ ಅಲಂಕಾರವೆಂದು ದಾಟಿಹೋಗುವುದು ಉಚಿತವಲ್ಲ. ವ್ಯಸನ, ಲೋಭ, ಪ್ರಾಣವನ್ನೇ ಪಣವಾಗಿಟ್ಟ ಧೈರ್ಯ ಇವು ಮನುಷ್ಯನೊಳಗೆ ಅಡಗಿರುವವರೆಗೆ ಕಥೆಯಾಗವು. ಅವುಗಳಿಗೆ ಅವಕಾಶವನ್ನು ಒದಗಿಸಿ ಹೊರಕ್ಕೆ ತರುವುದೇ ಕಲ್ಪಿತ ಯಂತ್ರದ ಕಾರ್ಯ. ಅದು ಸಾಧ್ಯವೇ ಅಸಾಧ್ಯವೇ ಎಂದು ಕೇಳುವುದಕ್ಕೆ ಮೊದಲು, ಅದು ಯಾರ ಯಾವ ಗುಣವನ್ನು ಬಯಲಿಗೆಳೆಯಿತು ಎಂದು ಕೇಳುವುದು ವಿಮರ್ಶಕನಿಗೆ ನ್ಯಾಯ. ಈ ಮಾನದಂಡದಿಂದ ನೋಡಿದರೆ, ಭಾಮಹನು ದೋಷವೆಂದು ತೆಗೆದುಹಾಕಿದ ಆ ಕೃತಕಗಜವೇ ಉದಯನನ ಚರಿತ್ರೆಗೆ ನಿಜವಾದ ಬೀಜವೆಂದು ಒಪ್ಪಬೇಕಾಗುವುದು.