ಪಠ್ಯಪುಸ್ತಕವೊಂದು ಸಿನಿಮಾ ಆದ ಕಥೆ

ಮೊನ್ನೆ ಭಾನುವಾರ 'ಫೆಂಟಾಸ್ಟಿಕ್ ಬೀಸ್ಟ್ಸ್ ಅಂಡ್ ವೇರ್ ಟು ಫೈಂಡ್ ದೆಮ್' ಮತ್ತೊಮ್ಮೆ ನೋಡಿದೆ. ಮುಗಿದ ಮೇಲೆ ಅದೇ ಹಳೇ ಪ್ರಶ್ನೆ... ಇಷ್ಟು ಚೆನ್ನಾಗಿ ಶುರುವಾದದ್ದು ಅರ್ಧ ದಾರಿಯಲ್ಲಿ ನಿಂತುಹೋದದ್ದು ಯಾಕೆ?

ಇದರ ಹುಟ್ಟೇ ಒಂದು ತಮಾಷೆ. 1997ರ ಮೊದಲ ಹ್ಯಾರಿ ಪಾಟರ್ ಕಾದಂಬರಿಯಲ್ಲಿ ಹ್ಯಾರಿ ಕೊಳ್ಳಬೇಕಾದ ಪಠ್ಯಪುಸ್ತಕಗಳ ಪಟ್ಟಿ ಇದೆಯಲ್ಲ, ಅದರಲ್ಲಿ ಇದೂ ಒಂದು ಹೆಸರು. ಬರೆದವನು ನ್ಯೂಟ್ ಸ್ಕಮ್ಯಾಂಡರ್ ಅಂತ. 2001ರಲ್ಲಿ ಜೆ. ಕೆ. ರೌಲಿಂಗ್ ಕಾಮಿಕ್ ರಿಲೀಫ್ ಎಂಬ ಸೇವಾಸಂಸ್ಥೆಗೆ ಹಣ ಕೂಡಿಸಲು ಆ ಪುಸ್ತಕವನ್ನು ನಿಜವಾಗಿಯೂ ಬರೆದುಬಿಟ್ಟರು! ತೆಳ್ಳಗಿನ ಪುಸ್ತಕ. ಅಕ್ಷರಾನುಕ್ರಮದಲ್ಲಿ ಪ್ರಾಣಿಗಳ ವಿವರ, ಅಂಚಿನಲ್ಲಿ ಹ್ಯಾರಿ ಮತ್ತು ರಾನ್ ಗೀಚಿದ ಟಿಪ್ಪಣಿ. ಕಥೆ ಮಾತ್ರ ಸೊನ್ನೆ.

ಅದನ್ನು ಸಿನಿಮಾ ಮಾಡುತ್ತೇವೆ ಅಂತ ವಾರ್ನರ್ ಬ್ರದರ್ಸ್ 2013ರಲ್ಲಿ ಹೇಳಿತು. ರೌಲಿಂಗ್ ಬರೆದ ಮೊದಲ ಚಿತ್ರಕಥೆ ಇದು. ನಿರ್ದೇಶಕರು ಕೊನೆಯ ನಾಲ್ಕು ಪಾಟರ್ ಚಿತ್ರ ಮಾಡಿದ್ದ ಡೇವಿಡ್ ಯೇಟ್ಸ್. ಕಥೆ ನಡೆಯುವುದು 1926ರ ನ್ಯೂಯಾರ್ಕಿನಲ್ಲಿ, ಆ ಬೀದಿಗಳ ಸೆಟ್ ಹಾಕಿದ್ದು ಲಂಡನ್ ಹತ್ತಿರದ ಲೀವ್ಸ್‌ಡನ್ ಸ್ಟುಡಿಯೋದಲ್ಲಿ. 2016ರ ನವೆಂಬರಿನಲ್ಲಿ ಬಿಡುಗಡೆಯಾಯಿತು. ವಸ್ತ್ರವಿನ್ಯಾಸಕ್ಕೆ ಕೊಲೀನ್ ಆಟ್‌ವುಡ್ ಆಸ್ಕರ್ ಪಡೆದರು. ಎಂಟು ಪಾಟರ್ ಸಿನಿಮಾಗಳಲ್ಲಿ ಒಂದಕ್ಕೂ ಸಿಗದ ಭಾಗ್ಯ ಅದು!

ನನಗೆ ಇಷ್ಟವಾದದ್ದು ಮಾತ್ರ ಜೇಕಬ್. ಡಬ್ಬಿ ಆಹಾರದ ಕಾರ್ಖಾನೆಯಲ್ಲಿ ದುಡಿಯುವವನು, ಬೇಕರಿ ಇಡಬೇಕೆಂಬ ಆಸೆ, ಬ್ಯಾಂಕಿನವರು ಸಾಲ ಕೊಡಲ್ಲ. ಅವನ ಪೆಟ್ಟಿಗೆಯೂ ನ್ಯೂಟನ ಪೆಟ್ಟಿಗೆಯೂ ಅದಲುಬದಲಾಗುತ್ತವೆ. ಆಮೇಲೆ ಅವನು ನ್ಯೂಟನ ಪೆಟ್ಟಿಗೆಯೊಳಗೆ ಇಳಿದು ಬೆರಗಾಗಿ ನಿಲ್ಲುತ್ತಾನಲ್ಲ, ಆಗ ಅವನ ಜೊತೆ ನಾವೂ ಇಳಿದಿರುತ್ತೇವೆ. ಅವನಿಗೂ ಮಂತ್ರ ಬರಲ್ಲ, ನಮಗೂ ಬರಲ್ಲ :)

ಒಟ್ಟು ಐದು ಸಿನಿಮಾ ಅಂತ ರೌಲಿಂಗ್ ಹೇಳಿದ್ದರು. ಬಂದದ್ದು ಮೂರು. 2018ರದ್ದು ಗ್ರಿಂಡೆಲ್ವಾಲ್ಡನ ಅಪರಾಧಗಳ ಕಥೆ, 2022ರದ್ದು ಡಂಬಲ್‌ಡೋರನ ಗುಟ್ಟುಗಳ ಕಥೆ. ಬೋರ್ಡು ಪ್ರಾಣಿಗಳದ್ದು, ಒಳಗೆ ವ್ಯಾಪಾರವೇ ಬೇರೆ! ಗಳಿಕೆ ಸುಮಾರು 81 ಕೋಟಿ ಡಾಲರಿನಿಂದ 65 ಕೋಟಿಗೆ, ಕೊನೆಗೆ 40 ಕೋಟಿಗೆ ಇಳಿಯಿತು. ನಡುವೆ ಕೊರೊನಾ ಬಂತು, ಗ್ರಿಂಡೆಲ್ವಾಲ್ಡನ ಪಾತ್ರಕ್ಕೆ ಜಾನಿ ಡೆಪ್ ಬದಲು ಮ್ಯಾಡ್ಸ್ ಮಿಕೆಲ್ಸನ್ ಬಂದರು. ಅವೂ ಕಾರಣವಿರಬಹುದು, ಇಲ್ಲ ಅನ್ನಲ್ಲ.

ಆದರೆ ನನಗನ್ನಿಸುವುದು ಇಷ್ಟು. ಉಪಕಥೆ ಚೆನ್ನಾಗಿರುವುದು ಅದು ಉಪಕಥೆಯಾಗಿ ಇರುವಷ್ಟು ಹೊತ್ತು. ಮೂಲಕಥೆಯ ವಂಶಾವಳಿ ಬಿಡಿಸಲು ಹೊರಟರೆ ಜೇಕಬ್‌ನಂಥವರಿಗೆ ಅಲ್ಲಿ ಜಾಗ ಉಳಿಯಲ್ಲ. ಜೇಕಬ್‌ಗೆ ಇಲ್ಲದ ಜಾಗ ನಮಗೆಲ್ಲಿಂದ ಬರಬೇಕು?

ನೀವೇನಂತೀರಿ?