ಸುನೀಲ್ ಜೋಶಿ

ಸುನೀಲ್ ಬಂದಾಚಾರ್ಯ ಜೋಶಿ (ಜನನ: ಜೂನ್ 6, 1970, ಗದಗ) ಭಾರತದ ಮಾಜಿ ಕ್ರಿಕೆಟ್ ಆಟಗಾರರು. ಎಡಗೈ ಸ್ಪಿನ್ ಬೌಲರ್ ಹಾಗೂ ಕೆಳ ಕ್ರಮಾಂಕದ ಎಡಗೈ ಬ್ಯಾಟ್ಸ್‌ಮನ್ ಆಗಿದ್ದ ಇವರು 1996ರಿಂದ 2001ರವರೆಗೆ ಭಾರತ ತಂಡವನ್ನು ಪ್ರತಿನಿಧಿಸಿ 15 ಟೆಸ್ಟ್ ಮತ್ತು 69 ಏಕದಿನ ಪಂದ್ಯಗಳನ್ನು ಆಡಿದರು. ದೇಶೀಯ ಕ್ರಿಕೆಟ್‌ನಲ್ಲಿ ಸುಮಾರು ಎರಡು ದಶಕಗಳ ಕಾಲ ಕರ್ನಾಟಕ ತಂಡದ ಪರವಾಗಿ ಆಡಿದರು. ನಿವೃತ್ತಿಯ ಬಳಿಕ ತರಬೇತುದಾರರಾಗಿ, ರಾಷ್ಟ್ರೀಯ ಆಯ್ಕೆ ಸಮಿತಿಯ ಅಧ್ಯಕ್ಷರಾಗಿ ಕಾರ್ಯನಿರ್ವಹಿಸಿದ್ದಾರೆ.

ಆರಂಭಿಕ ಜೀವನ

ಜೋಶಿಯವರು ಜನಿಸಿದಾಗ ಗದಗ ಪಟ್ಟಣವು ಅವಿಭಜಿತ ಧಾರವಾಡ ಜಿಲ್ಲೆಯಲ್ಲಿತ್ತು. 1997ರಲ್ಲಿ ಆ ಜಿಲ್ಲೆಯನ್ನು ವಿಭಜಿಸಿ ಗದಗ ಮತ್ತು ಹಾವೇರಿ ಜಿಲ್ಲೆಗಳನ್ನು ರಚಿಸಲಾಯಿತು. ಆ ಕಾಲದಲ್ಲಿ ರಾಜ್ಯದ ಕ್ರಿಕೆಟ್ ಚಟುವಟಿಕೆಗಳು ಬಹುಮಟ್ಟಿಗೆ ಬೆಂಗಳೂರಿನಲ್ಲಿಯೇ ಕೇಂದ್ರೀಕೃತವಾಗಿದ್ದವು. ಬಾಲ್ಯದಲ್ಲಿ ಜೋಶಿಯವರು ಬೆಳಗಿನ ಅಭ್ಯಾಸಕ್ಕಾಗಿ ಸುಮಾರು 60 ಕಿ.ಮೀ. ದೂರದ ಹುಬ್ಬಳ್ಳಿಗೆ ಹೋಗಿ, ಶಾಲೆಯ ವೇಳೆಗೆ ಗದಗಿಗೆ ಮರಳುತ್ತಿದ್ದರು.

ದೇಶೀಯ ಕ್ರಿಕೆಟ್

1992-93ರ ಋತುವಿನಲ್ಲಿ ಕರ್ನಾಟಕದ ಪರವಾಗಿ ಪ್ರಥಮ ದರ್ಜೆ ಕ್ರಿಕೆಟ್‌ಗೆ ಪಾದಾರ್ಪಣೆ ಮಾಡಿದರು. 1995-96ರ ರಣಜಿ ಟ್ರೋಫಿಯಲ್ಲಿ 529 ರನ್ ಗಳಿಸಿದ್ದಲ್ಲದೆ 52 ವಿಕೆಟ್‌ಗಳನ್ನೂ ಪಡೆದರು. ಒಂದೇ ಋತುವಿನಲ್ಲಿ 500 ರನ್ ಮತ್ತು 50 ವಿಕೆಟ್‌ಗಳನ್ನು ಒಟ್ಟಿಗೆ ಪೂರೈಸುವುದು ಅಪರೂಪದ ಸಾಧನೆಯಾಗಿದ್ದು, ಇದೇ ಅವರಿಗೆ ಭಾರತ ತಂಡದ ಬಾಗಿಲು ತೆರೆಯಿತು. ಆ ವರ್ಷ ರಣಜಿ ಟ್ರೋಫಿ ಗೆದ್ದ ಕರ್ನಾಟಕವು 1997-98 ಮತ್ತು 1998-99ರಲ್ಲಿಯೂ ಪ್ರಶಸ್ತಿಯನ್ನು ತನ್ನದಾಗಿಸಿಕೊಂಡಿತು. ಅನಿಲ್ ಕುಂಬ್ಳೆ, ಜಾವಗಲ್ ಶ್ರೀನಾಥ್ ಮತ್ತು ವೆಂಕಟೇಶ್ ಪ್ರಸಾದ್ ಅವರು ರಾಷ್ಟ್ರೀಯ ತಂಡದ ಪ್ರವಾಸಗಳಲ್ಲಿರುತ್ತಿದ್ದ ಕಾರಣ, ರಾಜ್ಯ ತಂಡದ ಬೌಲಿಂಗ್ ಹೊಣೆಯ ದೊಡ್ಡ ಪಾಲು ಅನೇಕ ವರ್ಷಗಳ ಕಾಲ ಜೋಶಿಯವರ ಮೇಲಿತ್ತು.

ಅಂತರರಾಷ್ಟ್ರೀಯ ಕ್ರಿಕೆಟ್

1996ರ ಜೂನ್ 6ರಂದು, ತಮ್ಮ 26ನೆಯ ಹುಟ್ಟುಹಬ್ಬದ ದಿನ, ಬರ್ಮಿಂಗ್‌ಹ್ಯಾಮ್‌ನಲ್ಲಿ ಇಂಗ್ಲೆಂಡ್ ವಿರುದ್ಧ ಆರಂಭವಾದ ಪಂದ್ಯದ ಮೂಲಕ ಟೆಸ್ಟ್ ಕ್ರಿಕೆಟ್ ಪ್ರವೇಶಿಸಿದರು. ಕುಂಬ್ಳೆ, ಶ್ರೀನಾಥ್ ಮತ್ತು ಪ್ರಸಾದ್ ಕೂಡ ಆಡಿದ ಈ ಪಂದ್ಯದಲ್ಲಿ ಭಾರತದ ಹನ್ನೊಂದು ಆಟಗಾರರ ಪೈಕಿ ನಾಲ್ವರು ಕರ್ನಾಟಕದವರಾಗಿದ್ದರು.

ನೈರೋಬಿ, 1999

ಜೋಶಿಯವರ ಅತ್ಯಂತ ಪ್ರಸಿದ್ಧ ಸಾಧನೆ ದಾಖಲಾದದ್ದು 1999ರ ಸೆಪ್ಟೆಂಬರ್ 26ರಂದು. ಕೀನ್ಯಾದ ನೈರೋಬಿಯಲ್ಲಿ ನಡೆದ ಎಲ್‌ಜಿ ಕಪ್ ಸರಣಿಯ ಪಂದ್ಯದಲ್ಲಿ ದಕ್ಷಿಣ ಆಫ್ರಿಕಾ ವಿರುದ್ಧ ಅವರು 10 ಓವರ್‌ಗಳಲ್ಲಿ ಕೇವಲ 6 ರನ್ ನೀಡಿ 5 ವಿಕೆಟ್ ಪಡೆದರು. ಹತ್ತರಲ್ಲಿ ಆರು ಮೇಡನ್ ಓವರ್‌ಗಳು. ಅಂದರೆ ಎದುರಾಳಿಗಳಿಗೆ ರನ್ ದೊರೆತದ್ದು ನಾಲ್ಕು ಓವರ್‌ಗಳಲ್ಲಿ ಮಾತ್ರ. ಹರ್ಷಲ್ ಗಿಬ್ಸ್, ಬೋಯೆಟಾ ಡಿಪ್ಪೆನಾರ್, ಹ್ಯಾನ್ಸಿ ಕ್ರೋನಿಯೆ, ಜಾಂಟಿ ರೋಡ್ಸ್ ಮತ್ತು ಶಾನ್ ಪೊಲಾಕ್ ಅವರಿಗೆ ವಿಕೆಟ್ ಒಪ್ಪಿಸಿದವರು. ದಕ್ಷಿಣ ಆಫ್ರಿಕಾ 117 ರನ್‌ಗಳಿಗೆ ಆಲೌಟಾಯಿತು. ಭಾರತ 8 ವಿಕೆಟ್‌ಗಳಿಂದ ಗೆದ್ದಿತು.

ಢಾಕಾ ಟೆಸ್ಟ್, 2000

2000ದ ನವೆಂಬರ್‌ನಲ್ಲಿ ಢಾಕಾದಲ್ಲಿ ಬಾಂಗ್ಲಾದೇಶವು ತನ್ನ ಮೊದಲ ಟೆಸ್ಟ್ ಪಂದ್ಯವನ್ನು ಭಾರತದ ವಿರುದ್ಧ ಆಡಿತು. ಸೌರವ್ ಗಂಗೂಲಿ ಟೆಸ್ಟ್ ನಾಯಕರಾಗಿ ಮುನ್ನಡೆಸಿದ ಮೊದಲ ಪಂದ್ಯವೂ ಇದೇ. ಭುಜದ ಗಾಯದಿಂದಾಗಿ ಕುಂಬ್ಳೆ ತಂಡದಲ್ಲಿರಲಿಲ್ಲ. ಬಾಂಗ್ಲಾದೇಶ ಮೊದಲ ಇನಿಂಗ್ಸ್‌ನಲ್ಲಿ 400 ರನ್ ಗಳಿಸಿತು. ಜೋಶಿ 142 ರನ್ ನೀಡಿ 5 ವಿಕೆಟ್ ಪಡೆದರು. ಭಾರತ ಆರು ವಿಕೆಟ್ ಕಳೆದುಕೊಂಡು ಹಿನ್ನಡೆಯಲ್ಲಿದ್ದಾಗ, ಅವರು ಗಂಗೂಲಿ ಅವರೊಂದಿಗೆ ಏಳನೆಯ ವಿಕೆಟ್‌ಗೆ ನೂರಕ್ಕೂ ಹೆಚ್ಚು ರನ್ ಸೇರಿಸಿ, ಸ್ವತಃ 92 ರನ್ ಗಳಿಸಿದರು. ಇದು ಟೆಸ್ಟ್‌ನಲ್ಲಿ ಅವರ ಗರಿಷ್ಠ ಮೊತ್ತ. ಎರಡನೆಯ ಇನಿಂಗ್ಸ್‌ನಲ್ಲಿ ಬಾಂಗ್ಲಾದೇಶ 91 ರನ್‌ಗಳಿಗೆ ಕುಸಿದಾಗ ಮತ್ತೆ ಮೂರು ವಿಕೆಟ್ ಪಡೆದರು. ಭಾರತ 9 ವಿಕೆಟ್‌ಗಳಿಂದ ಜಯಗಳಿಸಿತು.

ಆದರೆ ಅದೇ ತಿಂಗಳು ನಾಗಪುರದಲ್ಲಿ ಜಿಂಬಾಬ್ವೆ ವಿರುದ್ಧ ಆಡಿದ ಪಂದ್ಯವೇ ಅವರ ಕೊನೆಯ ಟೆಸ್ಟ್ ಆಯಿತು. ಭಾರತ ತಂಡದಲ್ಲಿ ಸಾಮಾನ್ಯವಾಗಿ ಇಬ್ಬರು ಸ್ಪಿನ್ನರ್‌ಗಳಿಗೆ ಅವಕಾಶವಿದ್ದು, ಒಂದು ಸ್ಥಾನ ಕುಂಬ್ಳೆ ಅವರಿಗೆ ಮೀಸಲಾಗಿತ್ತು. 2001ರ ಆಸ್ಟ್ರೇಲಿಯಾ ಸರಣಿಯಲ್ಲಿ 32 ವಿಕೆಟ್ ಪಡೆದ ಹರ್ಭಜನ್ ಸಿಂಗ್ ಮತ್ತೊಂದು ಸ್ಥಾನವನ್ನು ಭದ್ರಪಡಿಸಿಕೊಂಡರು. ಜೋಶಿಯವರು ಮುಂದಿನ ಒಂದು ದಶಕವನ್ನು ಕರ್ನಾಟಕ ತಂಡದ ಸೇವೆಯಲ್ಲಿ ಕಳೆದರು. 2008ರಲ್ಲಿ ಆರಂಭವಾದ ಐಪಿಎಲ್‌ನಲ್ಲಿ ರಾಯಲ್ ಚಾಲೆಂಜರ್ಸ್ ಬೆಂಗಳೂರು ತಂಡದಲ್ಲಿದ್ದರು. 2012ರಲ್ಲಿ ನಿವೃತ್ತಿ ಘೋಷಿಸಿದರು.

ತರಬೇತುದಾರ ಮತ್ತು ಆಯ್ಕೆಗಾರ

ಹೈದರಾಬಾದ್, ಜಮ್ಮು-ಕಾಶ್ಮೀರ ಮೊದಲಾದ ತಂಡಗಳಿಗೆ ಜೋಶಿ ತರಬೇತಿ ನೀಡಿದ್ದಾರೆ. 2014ರ ಡಿಸೆಂಬರ್‌ನಲ್ಲಿ ಅವರ ಮಾರ್ಗದರ್ಶನದ ಜಮ್ಮು-ಕಾಶ್ಮೀರ ತಂಡವು ರಣಜಿ ಪಂದ್ಯದಲ್ಲಿ ಬಲಿಷ್ಠ ಮುಂಬಯಿಯನ್ನು ವಾಂಖೆಡೆ ಕ್ರೀಡಾಂಗಣದಲ್ಲಿಯೇ ಸೋಲಿಸಿ ದೇಶದ ಗಮನ ಸೆಳೆಯಿತು. 2017ರಿಂದ 2019ರವರೆಗೆ ಬಾಂಗ್ಲಾದೇಶ ತಂಡದ ಸ್ಪಿನ್ ಬೌಲಿಂಗ್ ಸಲಹೆಗಾರರಾಗಿದ್ದರು. 2020ರ ಮಾರ್ಚ್‌ನಲ್ಲಿ ಭಾರತದ ಹಿರಿಯರ ಆಯ್ಕೆ ಸಮಿತಿಯ ಅಧ್ಯಕ್ಷರಾಗಿ ನೇಮಕಗೊಂಡರು. ಅದೇ ವರ್ಷದ ಡಿಸೆಂಬರ್‌ನಲ್ಲಿ ಚೇತನ್ ಶರ್ಮಾ ಆ ಸ್ಥಾನಕ್ಕೆ ಬಂದರು. ಅನಂತರ ಐಪಿಎಲ್‌ನ ಪಂಜಾಬ್ ಕಿಂಗ್ಸ್ ತಂಡದ ಸ್ಪಿನ್ ತರಬೇತುದಾರರಾಗಿ ಸೇವೆ ಸಲ್ಲಿಸಿದರು.

ಅಂಕಿ-ಅಂಶಗಳು

ಟೆಸ್ಟ್: 15 ಪಂದ್ಯ, 352 ರನ್, 41 ವಿಕೆಟ್; ಗರಿಷ್ಠ ಮೊತ್ತ 92.
ಏಕದಿನ: 69 ಪಂದ್ಯ, 584 ರನ್, 69 ವಿಕೆಟ್, ಗರಿಷ್ಠ ಮೊತ್ತ ಅಜೇಯ 61.
ಪ್ರಥಮ ದರ್ಜೆ: 160 ಪಂದ್ಯ, 5,129 ರನ್, 615 ವಿಕೆಟ್.