ಉದ್ಯಮದ ಎರಡು ಅರ್ಥಗಳು: ಸಂಪಾದಕ ಚಕ್ರಪಾಣಿ ಮತ್ತು ಕನ್ನಡ ‘ಚಂದಮಾಮ’

ಕನ್ನಡದಲ್ಲಿ ‘ಉದ್ಯಮ’ ಎಂದರೆ ಕೈಗಾರಿಕೆ, ವ್ಯವಹಾರ. ತೆಲುಗಿನಲ್ಲಿ ಅದೇ ಸಂಸ್ಕೃತ ಪದ ‘ಚಳವಳಿ’ ಎಂಬ ಅರ್ಥದಲ್ಲಿ ನೆಲೆನಿಂತಿದೆ. ಆದೋನಿ, ರಾಯದುರ್ಗ, ಮಡಕಶಿರಾ ಸೀಮೆಯ ದ್ವಿಭಾಷಿಕರಿಗೆ ಈ ವ್ಯತ್ಯಾಸ ಹೊಸದಲ್ಲ. ಗಡಿಯಾಚೆಯ ಕನ್ನಡದ ಚರಿತ್ರೆಯನ್ನು ಬರೆಯುವಾಗ ನಾವು ಹೆಚ್ಚಾಗಿ ತೆಲುಗಿನ ಅರ್ಥದ ಉದ್ಯಮವನ್ನೇ, ಎಂದರೆ ಏಕೀಕರಣದ ಹೋರಾಟ, ಶಾಲೆಗಳ ಬೇಡಿಕೆ, ಮನವಿಪತ್ರಗಳನ್ನೇ ದಾಖಲಿಸಿದ್ದೇವೆ. ಕನ್ನಡದ ಅರ್ಥದ ಉದ್ಯಮಕ್ಕೆ, ಎಂದರೆ ಮುದ್ರಣ, ಬಂಡವಾಳ, ವಿತರಣೆಗಳಿಗೆ ಆ ಚರಿತ್ರೆಯಲ್ಲಿ ಸಿಕ್ಕ ಸ್ಥಾನ ಅಲ್ಪ. ತೆಲುಗು ಲೇಖಕ, ಸಂಪಾದಕ ಚಕ್ರಪಾಣಿಯವರ ವೃತ್ತಿಜೀವನವನ್ನು ಈ ದೃಷ್ಟಿಯಿಂದ ಪರಿಶೀಲಿಸಬಹುದು.

1908ರಲ್ಲಿ ತೆನಾಲಿಯಲ್ಲಿ ಹುಟ್ಟಿದ ಚಕ್ರಪಾಣಿಯವರ ನಿಜನಾಮ ಆಲೂರಿ ವೆಂಕಟ ಸುಬ್ಬರಾವ್. ತಾರುಣ್ಯದಲ್ಲಿ ಕ್ಷಯರೋಗಕ್ಕೆ ತುತ್ತಾಗಿ ಮದನಪಲ್ಲಿಯ ಆರೋಗ್ಯಧಾಮ ಸೇರಿದ ಅವರು ಅಲ್ಲಿ ಬಂಗಾಳಿ ಕಲಿತರು. ಶರತ್‌ಚಂದ್ರ ಚಟ್ಟೋಪಾಧ್ಯಾಯರ ಕಾದಂಬರಿಗಳನ್ನು ತೆಲುಗಿಗೆ ತಂದರು. ‘ಯುವ’ ಪತ್ರಿಕೆಯನ್ನು ನಡೆಸಿದರು. ಮುಂದೆ ಮದರಾಸಿನಲ್ಲಿ ಬಿ.ಎನ್.ಕೆ. ಮುದ್ರಣಾಲಯದ ಒಡೆಯರಾದ, ಕಡಪ ಜಿಲ್ಲೆಯ ಬಿ. ನಾಗಿರೆಡ್ಡಿಯವರೊಡನೆ ಪಾಲುದಾರರಾದರು. 1947ರ ಜುಲೈಯಲ್ಲಿ ತೆಲುಗಿನ ‘ಚಂದಮಾಮ’ವೂ ತಮಿಳಿನ ‘ಅಂಬುಲಿಮಾಮಾ’ವೂ ಒಟ್ಟಿಗೆ ಹೊರಬಂದವು. 1949ರಲ್ಲಿ ಕನ್ನಡ ಆವೃತ್ತಿ ಆರಂಭವಾಯಿತು.

ಈ ಇಸವಿ ಗಮನಾರ್ಹ. ಕಾಸರಗೋಡು, ವಯನಾಡು, ನೀಲಗಿರಿ, ಹೊಸೂರು, ತಾಳವಾಡಿ, ಆದೋನಿ, ರಾಯದುರ್ಗ, ಮಡಕಶಿರಾ ಎಲ್ಲವೂ ಆಗ ಮದರಾಸಿನ ಆಡಳಿತಕ್ಕೇ ಸೇರಿದ್ದವು. ಇಂದು ಮೂರು ರಾಜ್ಯಗಳಲ್ಲಿ ಹಂಚಿಹೋಗಿರುವ ಈ ಕನ್ನಡಿಗರಿಗೆ ಮದರಾಸು ಪರರಾಜ್ಯದ ಊರಾಗಿರದೆ ತಮ್ಮದೇ ರಾಜಧಾನಿಯಾಗಿತ್ತು. 1953ರಲ್ಲಿ ಆಂಧ್ರ ರಾಜ್ಯ ರಚನೆಯಾದಾಗ ಬಳ್ಳಾರಿ ಜಿಲ್ಲೆಯ ಆದೋನಿ, ಆಲೂರು, ರಾಯದುರ್ಗಗಳು ಅದಕ್ಕೆ ಸೇರಿದವು. 1956ರಲ್ಲಿ ಕಾಸರಗೋಡು ಕೇರಳದ ಪಾಲಾಯಿತು. ಶಾಲೆ, ಕಚೇರಿ, ನ್ಯಾಯಾಲಯಗಳ ಭಾಷೆ ಈ ಗೆರೆಗಳನ್ನು ಅನುಸರಿಸಿ ಬದಲಾಗತೊಡಗಿದಾಗಲೂ ಕನ್ನಡ ‘ಚಂದಮಾಮ’ ಮದರಾಸಿನಿಂದಲೇ ಪ್ರಕಟವಾಗುತ್ತಿತ್ತು. ಅದು ಓದುಗನನ್ನು ಅವನ ಭಾಷೆಯಿಂದ ಗುರುತಿಸುತ್ತಿತ್ತೇ ಹೊರತು ರಾಜ್ಯದಿಂದಲ್ಲ.

ಈ ವ್ಯವಹಾರದ ಲೆಕ್ಕಾಚಾರ ಸರಳವಾದದ್ದು. ಕಥೆ ಮೊದಲು ತೆಲುಗಿನಲ್ಲಿ ಸಿದ್ಧವಾಗುತ್ತಿತ್ತು. 1952ರಿಂದ ಕೊಡವಟಿಗಂಟಿ ಕುಟುಂಬರಾವ್ ಅವರು ಆ ಹೊಣೆ ಹೊತ್ತರು. ಚಿತ್ರಗಳು ಎಲ್ಲ ಭಾಷೆಗಳಿಗೂ ಸಮಾನ. ವೆಚ್ಚದ ದೊಡ್ಡ ಪಾಲು ಹೀಗೆ ಹಂಚಿಹೋಗುತ್ತಿದ್ದುದರಿಂದ ಮತ್ತೊಂದು ಭಾಷೆಯನ್ನು ಸೇರಿಸುವುದು ಹೊರೆಯಾಗದೆ ಲಾಭದ ಬಾಬತ್ತಾಗುತ್ತಿತ್ತು. ಮೈಸೂರು ಸೀಮೆಯ ಕಲಾವಿದ ಎಂ.ಟಿ.ವಿ. ಆಚಾರ್ಯರ ಮುಖಪುಟಗಳು ಹೀಗೆಯೇ ಹಲವು ಲಿಪಿಗಳ ಓದುಗರನ್ನು ಏಕಕಾಲಕ್ಕೆ ತಲುಪಿದವು.

ಇದಕ್ಕೆ ಕನ್ನಡ ಬೆಲೆಯನ್ನೂ ತೆತ್ತಿದೆ. ಚಿತ್ರಕ್ಕೂ ಮೂಲಪಠ್ಯಕ್ಕೂ ಕಟ್ಟುಬಿದ್ದ ವಾಕ್ಯ ಚಿಕ್ಕದಾಗಿ, ತಿಳಿಯಾಗಿ, ಪ್ರಾದೇಶಿಕ ಚಹರೆಯಿಲ್ಲದೆ ಇರಬೇಕಾಗಿತ್ತು. ಕುಂಬಳೆಯ ಕನ್ನಡವಾಗಲಿ ಮಡಕಶಿರೆಯ ಕನ್ನಡವಾಗಲಿ ಅಲ್ಲಿ ಪ್ರವೇಶ ಪಡೆಯಲಿಲ್ಲ. ಕಥೆಗಾರರ ಹೆಸರನ್ನೇ ಸಾಮಾನ್ಯವಾಗಿ ಮುದ್ರಿಸದ ಪತ್ರಿಕೆಯಲ್ಲಿ ಅನುವಾದಕ ಇನ್ನೂ ಮರೆಯಲ್ಲೇ ಉಳಿದ.

ಚಕ್ರಪಾಣಿಯವರು ಚಲನಚಿತ್ರೋದ್ಯಮಕ್ಕೂ ಸಂಪಾದಕನ ಇದೇ ರೂಢಿಯನ್ನು ಒಯ್ದರು. ನಾಗಿರೆಡ್ಡಿಯವರೊಡನೆ ನಡೆಸಿದ ವಿಜಯಾ ಸಂಸ್ಥೆಯ ಮೊದಲ ಚಿತ್ರ ‘ಷಾವುಕಾರು’ 1950ರಲ್ಲಿ ತೆರೆಕಂಡಿತು. 1955ರ ‘ಮಿಸ್ಸಮ್ಮ’ಕ್ಕೆ ಆಧಾರ ಬಂಗಾಳಿ ನಾಟಕ, ಆರೋಗ್ಯಧಾಮದಲ್ಲಿ ಕಲಿತ ಭಾಷೆ ಇಲ್ಲಿಯೂ ನೆರವಿಗೆ ಬಂತು. 1962ರ ‘ಗುಂಡಮ್ಮ ಕಥ’ ನಮಗೆ ಇನ್ನೂ ಹತ್ತಿರದ್ದು. ಅದರ ಮೂಲ, ಬಿ. ವಿಠ್ಠಲಾಚಾರ್ಯರ ಕನ್ನಡ ಚಿತ್ರ ‘ಮನೆ ತುಂಬಿದ ಹೆಣ್ಣು’ (1958). ಚಕ್ರಪಾಣಿಯವರು ಕಥೆಯನ್ನು ಬಹುಮಟ್ಟಿಗೆ ತಿದ್ದಿ ಬರೆದರು. ಆದರೆ ತೆಲುಗಿಗೆ ಅಪರಿಚಿತವಾದ ಗುಂಡಮ್ಮನ ಹೆಸರನ್ನು ಹಾಗೆಯೇ ಉಳಿಸಿಕೊಂಡರು. 1965ರಲ್ಲಿ ವಿಜಯಾ ಸಂಸ್ಥೆ ತನ್ನ ‘ಪೆಳ್ಳಿ ಚೇಸಿ ಚೂಡು’ವನ್ನು ಹುಣಸೂರು ಕೃಷ್ಣಮೂರ್ತಿಯವರ ನಿರ್ದೇಶನದಲ್ಲಿ ‘ಮದುವೆ ಮಾಡಿ ನೋಡು’ ಎಂದು ಕನ್ನಡಕ್ಕೆ ತಂದಿತು. ಕೊಡುಕೊಳೆ ಎರಡೂ ದಿಕ್ಕಿನಲ್ಲಿ ಸಾಗಿತ್ತು.

ಹೀಗಾಗಿ, 1975ರಲ್ಲಿ ತೀರಿಕೊಂಡ ಚಕ್ರಪಾಣಿಯವರನ್ನು ಪತ್ರಿಕೆ ತೊರೆದು ಉದ್ಯಮಿಯಾದವರೆಂದು ಹೇಳುವುದು ಪೂರ್ತಿ ಸರಿಯಲ್ಲ. ಪರಭಾಷೆಯ ಕಥೆಯನ್ನು ಆರಿಸಿ, ತಿದ್ದಿ, ಇನ್ನೊಂದು ಭಾಷೆಯ ಓದುಗನಿಗೆ ಒಗ್ಗಿಸುವ ಕೆಲಸವೇ ಅವರ ಬಂಡವಾಳವಾಗಿತ್ತು. ಅವರು ಕನ್ನಡದ ಹಿತಚಿಂತಕರೆಂದು ಕನ್ನಡ ಆವೃತ್ತಿಯನ್ನು ನಡೆಸಿದವರಲ್ಲ. ಓದುಗರಿದ್ದರು, ಆದ್ದರಿಂದ ನಡೆಸಿದರು. ಆ ಓದುಗರನ್ನು ಸಿದ್ಧಗೊಳಿಸಿದ್ದು ಕನ್ನಡ ಶಾಲೆಗಳು. ಗಡಿಯಾಚೆ ಆ ಶಾಲೆಗಳು ಉಳಿದದ್ದು ಚಳವಳಿಯಿಂದ. ಉದ್ಯಮದ ಎರಡು ಅರ್ಥಗಳೂ ಇಲ್ಲಿ ಒಂದನ್ನೊಂದು ಆಶ್ರಯಿಸಿವೆ; ನಮ್ಮ ಚರಿತ್ರೆ ಬರವಣಿಗೆ ಮಾತ್ರ ಅವನ್ನು ಬೇರ್ಪಡಿಸಿದೆ. ಒಂದೇ ತಿಂಗಳ ತೆಲುಗು, ಕನ್ನಡ ಸಂಚಿಕೆಗಳನ್ನು ಜೊತೆಗಿಟ್ಟು ಸಾಲುಸಾಲಾಗಿ ಹೋಲಿಸಿದರೆ ಆ ಅನಾಮಧೇಯ ಅನುವಾದಕರ ಆಯ್ಕೆಗಳು ಕಾಣತೊಡಗುತ್ತವೆ. ಎರಡೂ ಭಾಷೆಗಳನ್ನು ಮನೆಯಲ್ಲೇ ಪಡೆದ ಗಡಿನಾಡಿನ ವಿದ್ವಾಂಸರಿಗಿಂತ ಈ ಕೆಲಸಕ್ಕೆ ತಕ್ಕವರು ಬೇರೆ ಯಾರು?